ನೀರು ಕುಡಿಯದ ಇಲಿಯನ್ನು ತೆರೆಗೆ ತಂದ ಬಗೆ

ಶಾಲಾ ಮಕ್ಕಳಿಗಾಗಿ ಕಾಂಗರೂ ಇಲಿಯ ಕುರಿತು ಕಿರು ಅನಿಮೇಷನ್ ಚಿತ್ರವೊಂದನ್ನು ಮಾಡಲು ಒಪ್ಪಿಕೊಂಡಾಗ, ಉತ್ತರ ಅಮೆರಿಕದ ಸೊನೋರನ್ ಮರುಭೂಮಿಯನ್ನಾಗಲಿ ಇಲಿಯ ನೆಗೆತವನ್ನಾಗಲಿ ಬಿಡಿಸುವುದಕ್ಕಿಂತ ಕಷ್ಟದ ಕೆಲಸ ಬೇರೆಯೇ ಇದೆ ಎಂಬುದು ಸ್ಟೋರಿಬೋರ್ಡ್ ಹಂತದಲ್ಲಿಯೇ ಸ್ಪಷ್ಟವಾಯಿತು. ಒಣ ಬೀಜಗಳನ್ನು ತಿಂದುಕೊಂಡು, ನೀರು ಕುಡಿಯದೆಯೇ ಬದುಕಬಲ್ಲ ಈ ಪ್ರಾಣಿಯಲ್ಲಿ ನೀರು ಹುಟ್ಟುವುದೂ ಉಳಿಯುವುದೂ ಮೈಯೊಳಗೆ.

ಬೀಜವನ್ನು ಹಿಂಡಿ ಹನಿ ಉದುರಿಸುವ ದೃಶ್ಯವನ್ನು ಬರೆಯುವುದು ಸುಲಭ. ಆದರೆ ಅದು ಮಕ್ಕಳಲ್ಲಿ ತಪ್ಪು ತಿಳಿವಳಿಕೆಯನ್ನು ಬಿತ್ತುತ್ತದೆ. ಬೀಜದ ಪಿಷ್ಟದಲ್ಲಿರುವ ಹೈಡ್ರೋಜನ್ ಉಸಿರಿನ ಆಮ್ಲಜನಕದೊಡನೆ ಕೂಡಿದಾಗ ಹೊಸದಾಗಿ ನೀರು ಉಂಟಾಗುತ್ತದೆ. 100 ಗ್ರಾಂ ಪಿಷ್ಟ ಪೂರ್ತಿಯಾಗಿ ದಹಿಸಿದರೆ ಸುಮಾರು 55 ಗ್ರಾಂ. ಆದ್ದರಿಂದ ಬೀಜದಿಂದ ಬಿಳಿ ಚುಕ್ಕೆಗಳನ್ನೂ ಮೂಗಿನಿಂದ ಕೆಂಪು ಚುಕ್ಕೆಗಳನ್ನೂ ಹೊರಡಿಸಿ, ಅವು ಸೇರಿದಲ್ಲಿ ಮಾತ್ರ ನೀಲಿ ಹನಿ ಮೂಡುವಂತೆ ಮಾಡಿದೆ.

ಹೆಚ್ಚಿನ ಶ್ರಮ ಬೇಡಿದ್ದು ಮೂಗು. ಒಳಗೆ ಬರುವ ಒಣ ಗಾಳಿ ಮೂಗಿನ ಒಳಗೋಡೆಯ ತೇವವನ್ನು ಆವಿಯಾಗಿಸಿ ಅದನ್ನು ತಂಪಾಗಿಸುತ್ತದೆ. ಶ್ವಾಸಕೋಶದಿಂದ ಮರಳುವ ಬೆಚ್ಚಗಿನ ಗಾಳಿಯ ತೇವ ಅದೇ ತಂಪು ಗೋಡೆಯ ಮೇಲೆ ಮತ್ತೆ ಹನಿಗಟ್ಟುತ್ತದೆ. ಮೂಗಿನ ಸೀಳುನೋಟವನ್ನು ತೆರೆಯ ತುಂಬ ಹಿಗ್ಗಿಸಿ, ಒಂದೇ ಉಸಿರನ್ನು ನಿಧಾನಗತಿಯಲ್ಲಿ ತೋರಿಸಿ, ಗೋಡೆಯ ಬಣ್ಣ ತಂಪಿನಿಂದ ನೀಲಿಗೆ ತಿರುಗುವಾಗ ನಿರೂಪಣೆಯನ್ನು ಪೂರ್ತಿ ನಿಲ್ಲಿಸಿದೆ. ಮೂತ್ರವನ್ನು ಗಾಢವಾಗಿಸಿ ನೀರು ಉಳಿಸುವ ಮೂತ್ರಪಿಂಡಕ್ಕೆ ಒಂದೇ ಶಾಟ್ ಸಾಕಾಯಿತು.

ಕೆನ್ನೆಚೀಲಗಳ ವಿಷಯದಲ್ಲಿ ಚಿತ್ರಕಾರರ ಕೈ ತಾನಾಗಿಯೇ ಬಾಯಿಯೊಳಗೆ ಬೀಜ ತುಂಬಿಸಲು ಹೋಗುತ್ತದೆ. ಆದರೆ ಈ ಇಲಿಯ ಚೀಲಗಳು ಬಾಯಿಯ ಹೊರಬದಿಗೆ ತೆರೆದುಕೊಳ್ಳುತ್ತವೆ, ಒಳಗೆ ತುಪ್ಪಳದ ಹೊದಿಕೆಯಿರುತ್ತದೆ. ಹಾಗಾಗಿ ಮುಂಗಾಲುಗಳು ಬೀಜಗಳನ್ನು ಪಕ್ಕದಿಂದ ತುರುಕುವ ಚಲನೆಯನ್ನೇ ಪ್ರತ್ಯೇಕವಾಗಿ ಬರೆಸಿದೆ.

ಸೆಕೆಂಡಿಗೆ 24 ಫ್ರೇಮುಗಳಿದ್ದರೂ ಉಳಿದೆಡೆ ಪ್ರತಿ ಚಿತ್ರವನ್ನು ಎರಡು ಫ್ರೇಮುಗಳಿಗೆ ಬಳಸಿದೆವು. ಬುಡುಬುಡಿಕೆ ಹಾವು ಎರಗುವಾಗ ಮಾತ್ರ ಫ್ರೇಮಿಗೊಂದು ಚಿತ್ರ. ಇಲ್ಲವಾದರೆ ಗಾಳಿಯಲ್ಲಿ ಬಾಲ ಬೀಸಿ ದಿಕ್ಕು ಬದಲಿಸುವುದು ಕಣ್ಣಿಗೆ ದಕ್ಕುವುದಿಲ್ಲ. ಈ ಇಲಿಯ ಮಧ್ಯಕಿವಿಯ ಟೊಳ್ಳುಗಳು ಬಹಳ ದೊಡ್ಡವು, ಮಂದ್ರ ಧ್ವನಿಗಳನ್ನು ಅದು ಚೆನ್ನಾಗಿ ಗ್ರಹಿಸುತ್ತದೆ. ಆದ್ದರಿಂದ ಹಾವು ಎರಗುವ ಮುನ್ನ ಹಿನ್ನೆಲೆ ಸಂಗೀತವನ್ನು ತೆಗೆದುಹಾಕಿ, ಮಂದ್ರ ಸದ್ದೊಂದನ್ನೇ ಉಳಿಸುವಂತೆ ಧ್ವನಿ ಸಂಯೋಜಕರನ್ನು ಕೇಳಿಕೊಂಡೆ. ತರಗತಿಯ ಸಣ್ಣ ಸ್ಪೀಕರುಗಳಲ್ಲಿ ಅಂಥ ಸದ್ದು ಕೇಳಿಸದೆಂದು ಅವರು ಎಚ್ಚರಿಸಿದ್ದರಿಂದ, ಅದೇ ಕ್ಷಣಕ್ಕೆ ಇಲಿಯ ಸುತ್ತಲಿನ ಮರಳಿನ ಕಣಗಳು ಅದುರುವುದನ್ನೂ ಸೇರಿಸಿದೆವು.