ಮರೆತಾಗ ಬಿಸಿಯಾಗುವ ಜೀವ: ನನ್ನ ಕಥೆ ಹುಟ್ಟಿದ ಬಗೆ

ಅಜ್ಜಿಯ ಹಳೆಯ ಪಂಚಾಂಗಗಳು ನಮ್ಮ ಅಟ್ಟದ ಮೇಲೆ ಒಂದು ಟ್ರಂಕಿನಲ್ಲಿದ್ದವು. ಪುಟದ ಅಂಚಿನಲ್ಲೆಲ್ಲ ಪೆನ್ಸಿಲ್ ಬರಹ. ‘ಗೌರಿ ಹೆಣ್ಣುಗರು ಹಾಕಿತು.’ ‘ಇವತ್ತೂ ಮಳೆ ಇಲ್ಲ.’ ‘ಪಕ್ಕದ ಮನೆಗೆ ಎರಡು ಸೇರು ಅಕ್ಕಿ ಕೊಟ್ಟೆ.’ ಒಂದು ಕಡೆ ತಿಥಿ, ಅದರ ಮಗ್ಗುಲಲ್ಲೇ ಸುದ್ದಿ. ಬರೀ ಕಾಲ, ಬರೀ ಮಾಹಿತಿ, ಇವೆರಡರಿಂದಲೇ ಆದ ಒಂದು ಜೀವ ಇದ್ದರೆ? ಮೂಳೆ ಮಾಂಸ ಯಾವುದೂ ಇಲ್ಲದೆ? ಕಥೆ ಶುರುವಾಗಿದ್ದು ಅಲ್ಲಿಂದ.

ಮೊದಲ ಸಲ ಬರೆದಾಗ ಆ ಜೀವಕ್ಕೆ ಎಲ್ಲ ಗೊತ್ತಿತ್ತು. ಹಿಂದಿನದು, ಮುಂದಿನದು, ಎಲ್ಲ. ‘ನಾಳೆ ಮಳೆ ಬಂತು’ ಅಂತ ಮಾತಾಡುತ್ತಿತ್ತು. ಆ ವಾಕ್ಯ ನನಗೆ ತುಂಬಾ ಇಷ್ಟ. ಕಥೆ ಓದಿದ ಗೆಳತಿ ಒಂದೇ ಪ್ರಶ್ನೆ ಕೇಳಿದಳು: “ಇದಕ್ಕೆ ಏನು ಬೇಕು? ಹಸಿವಿಲ್ಲ, ಭಯ ಇಲ್ಲ. ಅಶರೀರವಾಣಿ ಥರ ಇದೆ ಅಷ್ಟೆ.” ಆ ಪ್ರಶ್ನೆಗೆ ಉತ್ತರ ಹುಡುಕೋಕೆ ನನಗೆ ಎಂಟು ತಿಂಗಳು ಬೇಕಾಯಿತು.

ಹಸಿವು ಸಿಕ್ಕಿದ್ದು ಅಮೆರಿಕದ ಗಣಿತಜ್ಞ ಕ್ಲಾಡ್ ಶಾನನ್ ಹತ್ತಿರ. 1948ರಲ್ಲಿ ಅವರು ಮಾಹಿತಿಯನ್ನು ಅಳೆಯುವ ದಾರಿ ತೋರಿಸಿದರು. ಸುದ್ದಿ ಎಷ್ಟು ಅನಿರೀಕ್ಷಿತವೋ ಅದರಲ್ಲಿ ಅಷ್ಟು ಮಾಹಿತಿ. ನಾಣ್ಯ ಚಿಮ್ಮಿ ರಾಜನೋ ರಾಣಿಯೋ ಅಂತ ತಿಳಿದರೆ ಒಂದು ಬಿಟ್, ಅಂದರೆ ಮಾಹಿತಿಯ ಒಂದು ಅಳತೆ. ‘ಬೆಳಗ್ಗೆ ಸೂರ್ಯ ಹುಟ್ಟಿದ’ ಅಂದರೆ ಹತ್ತಿರ ಹತ್ತಿರ ಸೊನ್ನೆ. ಹಾಗಾದರೆ ಮಾಹಿತಿಯಿಂದಲೇ ಆದ ಜೀವಕ್ಕೆ ಊಟ ಅಂದರೆ ಗೊತ್ತಿಲ್ಲದ ಸುದ್ದಿ, ಅಲ್ವಾ? ಹೆಣ್ಣುಗರು ಅದಕ್ಕೆ ಹೊಟ್ಟೆ ತುಂಬಾ ಊಟ. ಎಲ್ಲ ಮೊದಲೇ ಗೊತ್ತಿರುವ ಜೀವ ಮಾತ್ರ ಹಸಿದು ಸಾಯುತ್ತದೆ. ‘ನಾಳೆ ಮಳೆ ಬಂತು’ ವಾಕ್ಯವನ್ನು ಅವತ್ತೇ ಹೊಡೆದು ಹಾಕಿದೆ. ಭವಿಷ್ಯ ಗೊತ್ತಿಲ್ಲದ ಮೇಲೆಯೇ ಅದು ಮೊದಲ ಸಲ ಪ್ರಶ್ನೆ ಕೇಳಿತು: “ಅಜ್ಜೀ, ಆಮೇಲೆ ಏನಾಯಿತು?”

ಕಾಲದ ಒಡಲನ್ನು ಪಂಚಾಂಗವೇ ಕೊಟ್ಟಿತು. ಸೂರ್ಯನಿಂದ ಚಂದ್ರ 12 ಡಿಗ್ರಿ ಮುಂದೆ ಹೋಗುವಷ್ಟು ಹೊತ್ತು ಒಂದು ತಿಥಿ. ಚಂದ್ರನ ಓಟ ಒಂದೇ ಸಮ ಇರುವುದಿಲ್ಲ. ಹಾಗಾಗಿ ಒಂದು ತಿಥಿ ಸುಮಾರು 19 ಗಂಟೆಗೆ ಮುಗಿದರೆ ಇನ್ನೊಂದು 26 ಗಂಟೆಯವರೆಗೂ ಎಳೆಯುತ್ತದೆ. ಸೂರ್ಯೋದಯಕ್ಕೆ ಯಾವ ತಿಥಿ ಇರುತ್ತದೋ ಆ ದಿನಕ್ಕೆ ಅದರದೇ ಹೆಸರು. ಒಮ್ಮೊಮ್ಮೆ ಒಂದು ತಿಥಿ ಸೂರ್ಯ ಹುಟ್ಟಿದ ಮೇಲೆ ಶುರುವಾಗಿ, ಮರುದಿನ ಸೂರ್ಯ ಹುಟ್ಟುವ ಮೊದಲೇ ಮುಗಿದುಬಿಡುತ್ತದೆ. ಅದು ಕ್ಷಯ ತಿಥಿ. ಅದು ಇದ್ದದ್ದು ನಿಜ, ಆದರೆ ಅದರ ಹೆಸರಿನ ದಿನವೇ ಇಲ್ಲ. ಇದನ್ನು ಓದಿದಾಗ ಎದೆ ಒಂದು ಥರ ಹಿಂಡಿದ ಹಾಗಾಯಿತು. ನನ್ನ ಜೀವ ಒಂದು ಕ್ಷಯ ನವಮಿ ಆಯಿತು. ತನ್ನ ತಿಥಿಯ ಆಚೆ ಅದಕ್ಕೆ ಏನೂ ಕಾಣದು. ಯಾರಾದರೂ ಆ ಪುಟ ತೆರೆದು ಸುದ್ದಿ ಹೇಳಿದರಷ್ಟೇ ಉಂಟು.

ಭಾಷೆಯಲ್ಲಿ ಒಂದು ಕಡೆ ಜಾಸ್ತಿ ಒದ್ದಾಡಿದೆ. ಅವನು ಅನ್ನಲೋ, ಅವಳು ಅನ್ನಲೋ? ಕೊನೆಗೆ ‘ಅದು’ ಉಳಿಯಿತು. ಕನ್ನಡದಲ್ಲಿ ಕಲ್ಲನ್ನೂ ಅದು ಅನ್ನುತ್ತೇವೆ, ತೊಡೆಯ ಮೇಲಿನ ಮಗುವನ್ನೂ ಅದು ಅನ್ನುತ್ತೇವೆ. ಕಥೆಯಲ್ಲಿ ಅಜ್ಜಿ ಅದನ್ನು ‘ಮಗಾ’ ಅಂತಲೇ ಕರೆಯುತ್ತಾರೆ.

ಇನ್ನು ನೋವು. ಮೈ ಇಲ್ಲದ್ದಕ್ಕೆ ಏನು ನೋಯುತ್ತದೆ? ಇಲ್ಲಿ ಭೌತವಿಜ್ಞಾನಿ ರಾಲ್ಫ್ ಲ್ಯಾಂಡವರ್ ಕೈ ಹಿಡಿದರು. ಒಂದು ಬಿಟ್ ಅಳಿಸಿದರೆ ಇಷ್ಟಾದರೂ ಶಾಖ ಹೊರಗೆ ಹೋಗಲೇಬೇಕು ಅಂತ 1961ರಲ್ಲಿ ಅವರು ಹೇಳಿದರು. 2012ರಲ್ಲಿ ಬೇರೆ ವಿಜ್ಞಾನಿಗಳು ಅದನ್ನು ಪ್ರಯೋಗದಲ್ಲೂ ತೋರಿಸಿದರು. ಅಂದರೆ ನೆನಪು ತುಂಬಿಹೋದ ಜೀವ ಹೊಸ ಸುದ್ದಿ ತಿನ್ನಬೇಕಾದರೆ ಹಳೆಯದೊಂದನ್ನು ಅಳಿಸಬೇಕು. ಅಳಿಸಿದಾಗ ಬೆಚ್ಚಗಾಗುತ್ತದೆ. ಮರೆವೇ ಅದರ ಮೈ!

ಲೆಕ್ಕ ಹಾಕಿ ನೋಡಿದೆ. ಆ ಶಾಖ ತೀರಾ ಕಮ್ಮಿ. ಒಂದೇ ಒಂದು ಗ್ರಾಂ ನೀರು ಒಂದು ಡಿಗ್ರಿ ಬಿಸಿಯಾಗಬೇಕಾದರೂ, ಈ ಕನಿಷ್ಠ ಲೆಕ್ಕದಲ್ಲಿ, ಒಂದರ ಮುಂದೆ 21 ಸೊನ್ನೆ ಇಟ್ಟು ಅದರ ಒಂದೂವರೆಯಷ್ಟು ಬಿಟ್ ಅಳಿಸಬೇಕು. ಅಂಚಿನ ನಾಲ್ಕು ಸಾಲು ಯಾವ ಮೂಲೆಗೂ ಸಾಲದು. ಲೆಕ್ಕವನ್ನು ಸುಮ್ನೆ ಮರೆಮಾಡಲು ಮನಸ್ಸಾಗಲಿಲ್ಲ, ಕಥೆಯನ್ನೇ ಬದಲಾಯಿಸಿದೆ. ಆ ಜೀವಕ್ಕೆ ನೆನಪಿರುವುದು ಸಾಲುಗಳಷ್ಟೇ ಅಲ್ಲ. ಆ ತಿಥಿಯ ಒಂದೊಂದು ಎಲೆ ಅಲುಗಿದ್ದು, ಕೊಟ್ಟಿಗೆಯ ಹೊಗೆ ಸುತ್ತಿದ್ದು, ಒಂದೊಂದು ಧೂಳಿನ ಕಣ ಹಾರಿದ್ದು, ಎಲ್ಲವೂ. ಓದುಗರ ಬೆರಳಿಗೆ ಬಿಸಿ ತಟ್ಟಬೇಕಾದರೆ ಅದು ಕಳೆದುಕೊಳ್ಳುವುದೂ ಅಷ್ಟು ದೊಡ್ಡದಿರಬೇಕಿತ್ತು.

ಕೊನೆಯ ದೃಶ್ಯ ನಾಲ್ಕು ಸಲ ಬರೆದೆ. ಅಜ್ಜಿ ಹೋಗಿ ಹದಿಮೂರು ದಿನ ಆಗಿದೆ. ಮೊಮ್ಮಗಳು ಟ್ರಂಕ್ ತೆರೆದು ಆ ಪುಟ ಬಿಡಿಸುತ್ತಾಳೆ. “ಅಜ್ಜಿ ಎಲ್ಲಿ?” ಅಂತ ಅದು ಕೇಳುತ್ತದೆ. ಅವಳು ಹೇಳುತ್ತಾಳೆ. ಅದು ಎಂದೂ ಎಣಿಸದ ಸುದ್ದಿ ಅದು, ಇಟ್ಟುಕೊಳ್ಳಲು ಜಾಗವಿಲ್ಲ. ಬಹಳ ಹೊತ್ತು ಮಾತಿಲ್ಲ. ಆಮೇಲೆ ಕಾಗದದ ಅಂಚು ಅವಳ ಹೆಬ್ಬೆರಳ ಕೆಳಗೆ ಮೆಲ್ಲಗೆ ಬಿಸಿಯಾಗುತ್ತದೆ, ಆಗಷ್ಟೇ ಕಾಫಿ ಮುಗಿಸಿಟ್ಟ ಲೋಟದ ಹಾಗೆ. “ಏನು ಮರೆತೆ?” ಅಂತಾಳೆ ಅವಳು. ಗೌರಿ ಹೆಣ್ಣುಗರು ಹಾಕಿದ ಸಾಲು ಇನ್ನೂ ಹಾಗೇ ಇದೆ. ಮೇಲೆ, ‘ನವಮಿ’ ಅಂತ ಅಚ್ಚಾಗಿದ್ದ ಜಾಗ ಖಾಲಿ.