ಟಿವಿ ಗೋಡೆಯ ಮೇಲೆ ಎಷ್ಟು ಎತ್ತರದಲ್ಲಿ? ಕೂತವರ ಕಣ್ಣಿನಿಂದ ಅಳೆಯಿರಿ

ಕಾಸರಗೋಡು ಕಡೆಯ ಎಷ್ಟೋ ಮನೆಗಳ ಚಾವಡಿಯಲ್ಲಿ ಟಿವಿ ಇರಬೇಕಾದ ಜಾಗಕ್ಕಿಂತ ಒಂದು, ಒಂದೂವರೆ ಅಡಿ ಮೇಲಿರುತ್ತದೆ. ಕಾರಣಗಳು ಸರಳ. ಗೋಡೆಗೆ ತೂತು ಕೊರೆಯುವವರು ನಿಂತು ಕೆಲಸ ಮಾಡುತ್ತಾರೆ, ಅವರ ಕಣ್ಣಿಗೆ ಸರಿ ಕಂಡ ಎತ್ತರ ನಿಂತವರ ಎತ್ತರ. ವಯರಿಂಗ್ ಮಾಡಿದವರು ಟಿವಿ ಬರುವುದಕ್ಕೆ ಎಷ್ಟೋ ಮೊದಲೇ ಐದಡಿ ಮೇಲೆ ಪ್ಲಗ್ ಪಾಯಿಂಟು ಕೊಟ್ಟಿರುತ್ತಾರೆ. ಹಿರಿಯರ ಫೋಟೋಗಳ ಸಾಲಿಗೆ ಟಿವಿಯೂ ಸಮನಾಗಿ ಕಾಣಲಿ ಎಂಬ ಆಸೆ ಬೇರೆ. ಮಕ್ಕಳ ಕೈಗೆ ಸಿಗದಿರಲಿ ಎಂಬ ಹೆದರಿಕೆಯೂ ಸೇರುತ್ತದೆ. ಕೂತು ನೋಡುವವರ ಕಣ್ಣು ಎಲ್ಲಿದೆ ಎಂದು ಈ ಲೆಕ್ಕದಲ್ಲಿ ಯಾರೂ ಕೇಳಿರುವುದಿಲ್ಲ.

ಹತ್ತು ನಿಮಿಷದ ವಾರ್ತೆಗೆ ಇದರಿಂದ ತೊಂದರೆಯಿಲ್ಲ. ಆದರೆ ಯೂಟ್ಯೂಬಿನಲ್ಲಿ ಒಂದು ಪ್ರಸಂಗ ಹಾಕಿ ಮೂರು ನಾಲ್ಕು ಗಂಟೆ ಯಕ್ಷಗಾನ ನೋಡುವ ಮನೆಯಲ್ಲಿ, ತಲೆ ಹಿಂದಕ್ಕೆ ವಾಲಿಸಿಯೇ ಕೂತರೆ ಕುತ್ತಿಗೆಯ ಹಿಂಭಾಗ ಹಿಡಿದುಕೊಳ್ಳುತ್ತದೆ. ಕಣ್ಣಿನ ಸಹಜ ನೋಟ ನೇರಕ್ಕಿಂತ ತುಸು ಕೆಳಕ್ಕೇ ಇರುತ್ತದೆ. ಮೇಲೆ ನೋಡುವಾಗ ರೆಪ್ಪೆ ಹೆಚ್ಚು ತೆರೆದಿರುವುದರಿಂದ ಕಣ್ಣು ಬೇಗ ಒಣಗುತ್ತದೆ.

ಮೊದಲು ಕಣ್ಣಿನ ಎತ್ತರ

ಟೇಪು ಹಿಡಿದು ಮನೆಯವರನ್ನು ಅವರವರ ಜಾಗದಲ್ಲೇ ಕೂರಿಸಿ. ಬೆನ್ನು ನೆಟ್ಟಗೆ ಮಾಡಿ ಕೂರಿಸಬೇಡಿ; ಸಂಜೆ ಹೇಗೆ ಒರಗುತ್ತಾರೋ ಹಾಗೇ ಇರಲಿ. ನೆಲದಿಂದ ಕಣ್ಣಿನವರೆಗೆ ಅಳೆದು ಬರೆದುಕೊಳ್ಳಿ. ದೊಡ್ಡವರಿಗೆ ಸಾಮಾನ್ಯವಾಗಿ ಸಿಗುವ ಅಳತೆ ಇಷ್ಟು: ಸೋಫಾದಲ್ಲಿ 105ರಿಂದ 110 ಸೆಂ.ಮೀ, ಪ್ಲಾಸ್ಟಿಕ್ ಕುರ್ಚಿಯಲ್ಲಿ 110ರಿಂದ 118, ಹಿಂದಕ್ಕೆ ವಾಲಿದ ಆರಾಮ ಕುರ್ಚಿಯಲ್ಲಿ 90ರಿಂದ 95, ಚಾಪೆಯ ಮೇಲೆ ಚಕ್ಕಳಮಕ್ಕಳ ಹಾಕಿದರೆ 70ರ ಆಸುಪಾಸು. ಮಕ್ಕಳು ನೆಲದಲ್ಲಿ ಕೂತರೆ ಇನ್ನೂ ಕಡಿಮೆ.

ಸೋಫಾ ಮಾತ್ರ ಇರುವ ಮನೆಗೆ ಹೇಳುವ ಸೂತ್ರ ಸುಲಭದ್ದು: ಪರದೆಯ ನಡುಮಧ್ಯ ಕಣ್ಣಿನ ಮಟ್ಟಕ್ಕೆ, ಇಲ್ಲವೇ ಅದಕ್ಕಿಂತ ಐದು ಹತ್ತು ಸೆಂ.ಮೀ ಕೆಳಗೆ. ನಮ್ಮ ಮನೆಗಳಲ್ಲಿ ಸೋಫಾ, ಆರಾಮ ಕುರ್ಚಿ, ಚಾಪೆ ಮೂರೂ ಒಂದೇ ಕೋಣೆಯಲ್ಲಿರುತ್ತವೆ. ಆಗ ಸರಾಸರಿ ತೆಗೆಯುವುದಕ್ಕಿಂತ ದಿನಕ್ಕೆ ಅತಿ ಹೆಚ್ಚು ಹೊತ್ತು ನೋಡುವವರಿಗೆ ಮೊದಲ ಮರ್ಯಾದೆ ಕೊಡುವುದು ಒಳ್ಳೆಯದು. ಮಡಿಲಲ್ಲಿ ತಡ್ಪೆ (ಮೊರ) ಇಟ್ಟು ಬೀಡಿ ಕಟ್ಟುತ್ತ, ಅಡಿಕೆ ಹೆಕ್ಕುತ್ತ ಧಾರಾವಾಹಿ ನೋಡುವವರು ಮನೆಯಲ್ಲಿದ್ದರೆ ಅವರ ಅಳತೆಯೇ ಮುಖ್ಯ. ಅವರ ನೋಟ ಕೈಗೂ ಪರದೆಗೂ ನಡುವೆ ಗಂಟೆಗೆ ನೂರಾರು ಸಲ ಹೋಗಿಬರುತ್ತದೆ. ಟಿವಿ ಮೇಲಿದ್ದಷ್ಟೂ ಆ ಓಡಾಟದ ಶ್ರಮವೆಲ್ಲ ಕುತ್ತಿಗೆಯ ಮೇಲೆ ಬೀಳುತ್ತದೆ.

ಆರಾಮ ಕುರ್ಚಿಯ ಅಜ್ಜನ ಲೆಕ್ಕ ಸ್ವಲ್ಪ ಬೇರೆ. ಬೆನ್ನೂ ತಲೆಯೂ ಹಿಂದಕ್ಕೆ ವಾಲಿರುವುದರಿಂದ ಅವರ ನೇರ ನೋಟವೇ ಮೇಲ್ಮುಖವಾಗಿರುತ್ತದೆ, ತುಸು ಮೇಲಿನ ಪರದೆ ಅವರಿಗೆ ಹಿತ. ಅವರದ್ದು ಓದುವುದಕ್ಕೂ ದೂರ ನೋಡುವುದಕ್ಕೂ ಒಂದೇ ಕನ್ನಡಕವಾಗಿದ್ದರೆ ಪರದೆಯನ್ನು ತೀರ ಕೆಳಗೆ ತರಬೇಡಿ. ವಾಲಿ ಕೂತು ಕೆಳಗೆ ನೋಡಿದರೆ ನೋಟ ಗಾಜಿನ ಕೆಳಭಾಗ, ಅಂದರೆ ಓದುವ ಭಾಗದ ಮೂಲಕ ಹೋಗಿ ಚಿತ್ರ ಮಸುಕಾಗುತ್ತದೆ. ಟಿವಿ ಹಾಳಾಗಿದೆ ಎಂದು ಅವರು ದೂರುವುದಕ್ಕೆ ಇದೂ ಒಂದು ಕಾರಣ.

ಎಷ್ಟು ಮೇಲೆ ಹೋದರೆ ಜಾಸ್ತಿ?

ಪರದೆಯ ಮಧ್ಯ ಕಣ್ಣಿಗಿಂತ 10 ಡಿಗ್ರಿಯಷ್ಟು ಮೇಲಿದ್ದರೆ ಹೆಚ್ಚಿನವರು ಸಹಿಸಿಕೊಳ್ಳುತ್ತಾರೆ, 15 ದಾಟಿಸಬೇಡಿ. ಡಿಗ್ರಿ ಅಳೆಯಲು ಉಪಕರಣ ಬೇಡ. ಕೂತ ಜಾಗದಿಂದ ಗೋಡೆಗೆ ಎಷ್ಟು ಮೀಟರ್ ಇದೆ ನೋಡಿ: ಪ್ರತಿ ಮೀಟರಿಗೆ 18 ಸೆಂ.ಮೀ ಏರಿದರೆ ಅದು 10 ಡಿಗ್ರಿ, 27 ಸೆಂ.ಮೀ ಏರಿದರೆ 15.

ಒಂದು ಉದಾಹರಣೆ. 43 ಇಂಚಿನ ಟಿವಿ, ಪರದೆಯ ಎತ್ತರ 53.5 ಸೆಂ.ಮೀ. ಸೋಫಾ 9 ಅಡಿ ದೂರ, ಅಂದರೆ 2.75 ಮೀಟರ್, ಕಣ್ಣಿನ ಎತ್ತರ 110. ಚಾಪೆ 6 ಅಡಿ ದೂರ, 1.8 ಮೀಟರ್, ಕಣ್ಣಿನ ಎತ್ತರ 68. ಪರದೆಯ ಮಧ್ಯ 100 ಸೆಂ.ಮೀಗೆ ಬಂದರೆ ಸೋಫಾದವರಿಗೆ ಅದು 2 ಡಿಗ್ರಿ ಕೆಳಗೆ, ಚಾಪೆಯವರಿಗೆ 10 ಡಿಗ್ರಿ ಮೇಲೆ. ಇಬ್ಬರಿಗೂ ನಡೆಯುತ್ತದೆ. ಅದೇ ಟಿವಿಯನ್ನು ರೂಢಿಯಂತೆ ಐದಡಿಗೆ, ಎಂದರೆ ಮಧ್ಯ 150 ಸೆಂ.ಮೀಗೆ ತೂಗಿದರೆ ಸೋಫಾದವರಿಗೆ 8 ಡಿಗ್ರಿ ಮೇಲಾಗುತ್ತದೆ. ಚಾಪೆಯವರಿಗೆ ಮಧ್ಯವೇ 24 ಡಿಗ್ರಿ, ಮೇಲಿನ ಅಂಚು 30 ದಾಟುತ್ತದೆ. ಹತ್ತಿರ ಕೂತಷ್ಟೂ ಎತ್ತರದ ತಪ್ಪು ಹೆಚ್ಚು ಕಾಡುತ್ತದೆ ಎಂಬುದು ಈ ಲೆಕ್ಕದಲ್ಲಿ ಕಾಣುತ್ತದೆ.

ಬೇರೆ ಗಾತ್ರಗಳ ಪರದೆಯ ಎತ್ತರ: 32 ಇಂಚಿಗೆ 40 ಸೆಂ.ಮೀ, 50ಕ್ಕೆ 62, 55ಕ್ಕೆ 68.5, 65ಕ್ಕೆ 81. ಬೇಕಾದ ಮಧ್ಯದ ಎತ್ತರದಿಂದ ಇದರ ಅರ್ಧ ಕಳೆದರೆ ಪರದೆಯ ಕೆಳ ಅಂಚು ಸಿಗುತ್ತದೆ. ಮೇಲಿನ ಉದಾಹರಣೆಯಲ್ಲಿ 100ರಿಂದ 27 ಕಳೆದು 73. ಚೌಕಟ್ಟಿನ ಅಂಚಿಗೆ ಇನ್ನೊಂದೆರಡು ಸೆಂ.ಮೀ ಬಿಡಿ. ಕೆಳಗೆ ಸೌಂಡ್‌ಬಾರ್ ಬರುವುದಾದರೆ ಟಿವಿಗೂ ಅದಕ್ಕೂ ನಡುವೆ ಐದಾರು ಸೆಂ.ಮೀ ಜಾಗ ಇರಲಿ, ಇಲ್ಲವಾದರೆ ರಿಮೋಟಿನ ಸಂಜ್ಞೆ ಹಿಡಿಯುವ ಜಾಗ ಮುಚ್ಚಿಹೋಗಬಹುದು.

ದೂರದ ಬಗ್ಗೆ ಹೆಚ್ಚು ತಲೆ ಕೆಡಿಸಿಕೊಳ್ಳಬೇಕಿಲ್ಲ. ಪರದೆಯ ಇಂಚಿನ ಅಳತೆಯ ಒಂದೂವರೆಯಿಂದ ಎರಡು ಪಟ್ಟು ದೂರ ಸಾಕು: 43ಕ್ಕೆ ಐದೂವರೆಯಿಂದ ಏಳಡಿ, 55ಕ್ಕೆ ಏಳರಿಂದ ಒಂಬತ್ತು.

ಮಲಗುವ ಕೋಣೆಯಲ್ಲಿ ಮಾತ್ರ ಟಿವಿ ಮೇಲೆ ಹೋಗಬಹುದು. ದಿಂಬಿಗೆ ಒರಗಿದವರ ನೋಟ ಮೇಲ್ಮುಖವಾಗಿರುವುದರಿಂದ ಮಧ್ಯ 120ರಿಂದ 135 ಸೆಂ.ಮೀ ಇದ್ದರೂ ಹಿತವೇ. ಮಂಚದ ಕಾಲಿನ ಕಡೆಯ ಹಲಗೆ ಪರದೆಯ ಕೆಳ ಅಂಚನ್ನು ಮರೆಮಾಡುತ್ತದೆಯೇ ಎಂದು ಮಲಗಿಯೇ ನೋಡಿ.

ಕೊರೆಯುವ ಮೊದಲು ಕಾಗದ

ಹಳೆಯ ಪತ್ರಿಕೆಯ ಹಾಳೆಗಳನ್ನು ಜೋಡಿಸಿ ಟಿವಿಯ ಹೊರ ಅಳತೆಗೆ ಕತ್ತರಿಸಿ, ಲೆಕ್ಕಕ್ಕೆ ಬಂದ ಎತ್ತರದಲ್ಲಿ ಗೋಡೆಗೆ ಅಂಟಿಸಿ. ಎರಡು ದಿನ ಹಾಗೇ ಇರಲಿ. ಪ್ರತಿಯೊಬ್ಬರೂ ತಮ್ಮ ಜಾಗದಲ್ಲಿ ಕೂತು ಕಣ್ಣು ಮುಚ್ಚಿ, ಕುತ್ತಿಗೆ ಸಡಿಲಬಿಟ್ಟು, ಮತ್ತೆ ಕಣ್ಣು ತೆರೆಯಲಿ. ಮೊದಲ ನೋಟ ಕಾಗದದ ಒಳಗೆ ಬೀಳಬೇಕು. ಖಾಲಿ ಗೋಡೆಯಲ್ಲಿ ಇದು ತೀರ ಕೆಳಗಿದ್ದಂತೆ ಕಾಣುವುದು ಖಂಡಿತ. ನಿಂತವರು ಕೊಡುವ ಆ ತೀರ್ಪನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಡಿ.

ಇದೇ ಹೊತ್ತಿಗೆ ಬೆಳಕನ್ನೂ ನೋಡಿ. ಸಂಜೆ ನಾಲ್ಕರ ನಂತರ ಪಡುವಣ ಕಿಟಕಿಯ ಬಿಸಿಲು ಕಾಗದದ ಮೇಲೆ ಬೀಳುತ್ತಿದ್ದರೆ ಅಥವಾ ಎದುರಿನ ಬಾಗಿಲಿಂದ ಅಂಗಳದ ಬೆಳಕು ನೇರ ಬರುತ್ತಿದ್ದರೆ ಎತ್ತರ ಬದಲಿಸಿ ಪ್ರಯೋಜನವಿಲ್ಲ, ಗೋಡೆಯನ್ನೇ ಬದಲಿಸಬೇಕು. ಮಳೆಗಾಲದಲ್ಲಿ ಗಾಳಿಮಳೆ ಹೊಡೆಯುವ ಹೊರಗೋಡೆಯೂ ಬೇಡ. ಸಾರಣೆಯ ಒಳಗೆ ತೇವ ಹಿಡಿದು, ಟಿವಿಯ ಹಿಂದೆ ಗಾಳಿಯಾಡದೆ ಬೂಸರು ಬರುತ್ತದೆ. ಒಳಗಿನ ಅಡ್ಡಗೋಡೆ ಎಲ್ಲಕ್ಕಿಂತ ಒಳ್ಳೆಯದು. ದೇವರ ದೀಪದ ನೇರ ಮೇಲೂ ಬೇಡ, ಬಿಸಿಯೂ ಎಣ್ಣೆಹೊಗೆಯೂ ಪರದೆಗೆ ಆಗಿಬರುವುದಿಲ್ಲ.

ಪ್ಲಗ್ ಪಾಯಿಂಟು ಕೈಗೆಟುಕಲಿ

ಅಂದಕ್ಕಾಗಿ ಪ್ಲಗ್ಗನ್ನು ಟಿವಿಯ ಹಿಂದೆ ಅಡಗಿಸುವುದು ಬೇರೆ ಊರಿಗೆ ಸರಿ ಹೋಗಬಹುದು, ನಮ್ಮಲ್ಲಿ ಬೇಡ. ಏಪ್ರಿಲ್, ಮೇ ತಿಂಗಳ ಸಂಜೆಗಳಲ್ಲೂ ಅಕ್ಟೋಬರ್, ನವೆಂಬರಿನ ತುಲಾಮಳೆಯಲ್ಲೂ ಸಿಡಿಲು ಜೋರು. ಸ್ವಿಚ್ ಆರಿಸಿದರೆ ಸಾಲದು. ಸ್ವಿಚ್ಚಿನೊಳಗಿನ ಕೆಲವೇ ಮಿಲಿಮೀಟರ್ ಅಂತರವನ್ನು ಸಿಡಿಲಿನ ವಿದ್ಯುತ್ ಸುಲಭವಾಗಿ ಜಿಗಿಯುತ್ತದೆ. ಪ್ಲಗ್ ಕಿತ್ತಿಡಬೇಕು. ಹಾಗೆಯೇ ಡಿಶ್ ಅಥವಾ ಕೇಬಲಿನ ವಯರು, ರೌಟರಿನಿಂದ ಬರುವ ಲ್ಯಾನ್ ವಯರು ಕೂಡ. ಕರೆಂಟಿನ ದಾರಿ ಮುಚ್ಚಿದರೂ ಈ ಎರಡರಿಂದ ಬಂದು ಟಿವಿಯ ಬೋರ್ಡು ಸುಡುತ್ತದೆ. ಗುಡುಗು ದೂರದಲ್ಲಿರುವಾಗಲೇ ಕಿತ್ತಿಡಿ, ತಲೆಯ ಮೇಲೆ ಸಿಡಿಲಾಡುವಾಗ ವಯರಿಗೆ ಕೈಹಾಕಬೇಡಿ.

ಆದ್ದರಿಂದ ಪಾಯಿಂಟು ಟಿವಿಯ ಅಂಚಿನಿಂದ 15, 20 ಸೆಂ.ಮೀ ಪಕ್ಕಕ್ಕೆ, ಮನೆಯಲ್ಲಿರುವ ಅಜ್ಜಿಗೂ ಸ್ಟೂಲು ಹತ್ತದೆ ಎಟುಕುವಂತೆ ಇರಲಿ. ಹೊಸಮನೆಗೆ ವಯರಿಂಗ್ ಮಾಡಿಸುವವರು ಇದನ್ನು ಮೊದಲೇ ಹೇಳಿಡಿ, ಮತ್ತು ಎತ್ತರವನ್ನು ಮುಗಿದ ನೆಲದಿಂದ ಅಳೆಯಲು ಹೇಳಿ. ಟೈಲ್ಸ್ ಹಾಕುವ ಮೊದಲೇ ಅಳೆದರೆ ನೆಲ ಆಮೇಲೆ ನಾಲ್ಕೈದು ಸೆಂ.ಮೀ ಮೇಲೆ ಬರುತ್ತದೆ.

ಕೆಂಪುಕಲ್ಲಿನ ಗೋಡೆ

ಎತ್ತರ ಸರಿಯಾಗಿ ಗುರುತಿಸಿದ ಮೇಲೂ ಕೆಲಸ ಕೆಡುವುದು ಇಲ್ಲಿ. ಟಿವಿಯ ಪೆಟ್ಟಿಗೆಯಲ್ಲಿ ಬರುವ ಗಿಡ್ಡ ರಾವಲ್ ಪ್ಲಗ್ (ಸ್ಕ್ರೂ ಹಿಡಿದುಕೊಳ್ಳಲು ತೂತಿಗೆ ತುರುಕುವ ಪ್ಲಾಸ್ಟಿಕ್ ಕೊಳವೆ) ಇಟ್ಟಿಗೆ, ಕಾಂಕ್ರೀಟಿಗೆ ಹೊಂದುತ್ತದೆ. ಕೆಂಪುಕಲ್ಲಿನ (ಜಂಬಿಟ್ಟಿಗೆಯ) ಗೋಡೆಯಲ್ಲಿ ಅದರ ಅರ್ಧದಷ್ಟು ಸಾರಣೆಯಲ್ಲೇ ಕಳೆದುಹೋಗುತ್ತದೆ, ಉಳಿದದ್ದು ಕಲ್ಲಿನ ಪೊಳ್ಳಿಗೆ ಸಿಕ್ಕಿ ಸಡಿಲವಾಗುತ್ತದೆ. 10 ಮಿ.ಮೀ ದಪ್ಪ, 80ರಿಂದ 100 ಮಿ.ಮೀ ಉದ್ದದ ರಾವಲ್ ಪ್ಲಗ್ ತನ್ನಿ. ಡ್ರಿಲ್ಲಿನ ಹ್ಯಾಮರ್ ಆರಿಸಿ, ಬರೀ ತಿರುಗಿಸಿಯೇ ಕೊರೆಯಿರಿ. ಹ್ಯಾಮರ್ ಹಾಕಿದರೆ ಕಲ್ಲು ಒಳಗೆ ಉದುರಿ ತೂತು ಅಗಲವಾಗುತ್ತದೆ. ಹುಡಿಯನ್ನು ಊದಿ ಪೂರ್ತಿ ತೆಗೆಯಿರಿ. ಎರಡು ಕಲ್ಲಿನ ನಡುವಿನ ಗಾರೆಯ ಗೆರೆಗೆ ಬಿಟ್ ಸಿಕ್ಕಿದರೆ ಅಲ್ಲಿಗೇ ನಿಲ್ಲಿಸಿ, ಟಿವಿ ತೂಗುವ ಬ್ರಾಕೆಟ್ಟನ್ನು ಕೆಲವು ಸೆಂ.ಮೀ ಸರಿಸಿ. ಪ್ಲಗ್ ಪಾಯಿಂಟಿನ ನೇರ ಮೇಲೂ ಕೆಳಗೂ ಗೋಡೆಯೊಳಗೆ ವಯರು ಇರುತ್ತದೆ, ಆ ಸಾಲಿನಲ್ಲಿ ಕೊರೆಯಲೇಬೇಡಿ.

ಅಗಲವಾದ ತೂತಿಗೆ ಕಡ್ಡಿ, ಕಾಗದ ತುರುಕುವ ಪದ್ಧತಿ ಕ್ಯಾಲೆಂಡರ್ ಮೊಳೆಗೆ ಸಾಕು. 43 ಇಂಚಿನ ಟಿವಿ ಏಳೆಂಟು ಕಿಲೋ, 55ರದ್ದು 13ರಿಂದ 17 ಕಿಲೋ ತೂಗುತ್ತದೆ. ಅಂಥ ತೂತಿಗೆ ಕೆಮಿಕಲ್ ಆಂಕರ್ (ತೂತಿಗೆ ಗಟ್ಟಿಯಾಗುವ ಅಂಟು ತುಂಬಿ ಬೋಲ್ಟ್ ಕೂರಿಸುವುದು) ಹಾಕಿಸಿ. ಇಲ್ಲವೇ 18 ಮಿ.ಮೀ ದಪ್ಪದ ಪ್ಲೈವುಡ್ ಹಲಗೆಯನ್ನು ಬೇರೆ ಬೇರೆ ಕಲ್ಲುಗಳಿಗೆ ತಾಗುವಂತೆ ಎಂಟು ಕಡೆ ಬಿಗಿದು, ಅದರ ಮೇಲೆ ಬ್ರಾಕೆಟ್ ಕೂರಿಸಿ. ಹಳೆಯ ಹಂಚಿನ ಮನೆಗಳಿಗೆ ನಮ್ಮ ಆಯ್ಕೆ ಈ ಹಲಗೆಯೇ. ಮುಂದಕ್ಕೆ ಎಳೆದು ತಿರುಗಿಸುವ ಉದ್ದ ಕೈಯ ಬ್ರಾಕೆಟ್ ಮೇಲಿನ ಸ್ಕ್ರೂಗಳನ್ನು ಸದಾ ಕೀಳುತ್ತಲೇ ಇರುತ್ತದೆ, ಕೆಂಪುಕಲ್ಲಿಗೆ ಅದು ಬೇಡ. ಮಣ್ಣಿನ ಗೋಡೆಗಂತೂ ಟಿವಿ ತೂಗಲೇಬಾರದು. 55ರಿಂದ 65 ಸೆಂ.ಮೀ ಎತ್ತರದ ಮೇಜಿನ ಮೇಲಿಟ್ಟರೆ 43 ಇಂಚಿನ ಪರದೆಯ ಮಧ್ಯ ತಾನಾಗಿ 90ರಿಂದ 100ರ ಆಸುಪಾಸಿಗೆ ಬರುತ್ತದೆ, ಚಾಪೆಯವರಿಗೂ ಅದು ಚೆನ್ನ. ಮಕ್ಕಳಿದ್ದರೆ ಟಿವಿಯನ್ನು ಹಿಂದಿನಿಂದ ಪಟ್ಟಿ ಹಾಕಿ ಮೇಜಿಗೆ ಬಿಗಿಯಿರಿ.

ಗೋಡೆಯಲ್ಲಿ ಗುರುತು ಹಾಕುವಾಗ ಆಗುವ ತಪ್ಪು ಒಂದೇ: ಬ್ರಾಕೆಟ್ಟಿನ ಮಧ್ಯವೇ ಟಿವಿಯ ಮಧ್ಯ ಎಂದುಕೊಳ್ಳುವುದು. ಹಿಂಬದಿಯ ನಾಲ್ಕು ತೂತುಗಳು ಬಹಳಷ್ಟು ಟಿವಿಗಳಲ್ಲಿ ಮಧ್ಯದಲ್ಲಿ ಇರುವುದಿಲ್ಲ. ಟಿವಿಯನ್ನು ಮೆತ್ತನೆಯ ಕಂಬಳಿಯ ಮೇಲೆ ಕವುಚಿ ಹಾಕಿ, ಬ್ರಾಕೆಟ್ಟಿನ ಪಟ್ಟಿಗಳನ್ನು ಹಿಂಬದಿಗೆ ಬಿಗಿದು, ಟಿವಿಯ ಕೆಳ ಅಂಚಿನಿಂದ ಪಟ್ಟಿಯ ಕೊಕ್ಕೆಯವರೆಗೆ ಅಳೆಯಿರಿ. ಅದು 38 ಸೆಂ.ಮೀ, ಟಿವಿಯ ಕೆಳ ಅಂಚು ಬರಬೇಕಾದ್ದು 71ಕ್ಕೆ ಎಂದಾದರೆ, ಕೊಕ್ಕೆ ಕೂರುವ ಗೋಡೆತಟ್ಟೆಯ ಅಂಚು ನೆಲದಿಂದ 109 ಸೆಂ.ಮೀ. ರಸಮಟ್ಟ ಇಟ್ಟು ಗೆರೆ ಎಳೆದು, ತಟ್ಟೆಯ ತೂತುಗಳನ್ನು ಆಮೇಲೆ ಗುರುತಿಸಿ. ತೂಗಲು ಇಬ್ಬರು ಬೇಕು.

ಈಗಾಗಲೇ ಮೇಲೆ ತೂಗಿಯಾಗಿದ್ದರೆ

ಬಾಡಿಗೆ ಮನೆ, ಹೊಸ ಬಣ್ಣ ಎಂದು ಇಳಿಸಲು ಆಗದಿದ್ದರೆ ಕೆಳಕ್ಕೆ ಬಾಗುವ ಬ್ರಾಕೆಟ್ ಹಾಕಿ. ಪರದೆಯ ಮಧ್ಯ ಕಣ್ಣಿಗಿಂತ ಎಷ್ಟು ಡಿಗ್ರಿ ಮೇಲಿದೆಯೋ ಅಷ್ಟೇ ಬಾಗಿಸಿ. ಕೆಳಗಿಂದ ನೋಡುವಾಗ ಕಪ್ಪು ಬೂದಿಯಾಗಿ, ಬಣ್ಣ ತೆಳ್ಳಗಾಗಿ ಕಾಣುವ ತೊಂದರೆ ಕಡಿಮೆಯಾಗುತ್ತದೆ, ದೀಪದ ಪ್ರತಿಬಿಂಬವೂ ತಪ್ಪುತ್ತದೆ. ಕುತ್ತಿಗೆಯ ನೋವು ಮಾತ್ರ ಬಾಗಿಸುವುದರಿಂದ ಹೋಗುವುದಿಲ್ಲ, ಏಕೆಂದರೆ ಟಿವಿ ಇನ್ನೂ ಅಲ್ಲೇ ಮೇಲಿದೆ. ಅದಕ್ಕೆ ಕುರ್ಚಿಯನ್ನು ಎರಡಡಿ ಹಿಂದಕ್ಕೆ ಸರಿಸಿ, ಚಾಪೆಯವರನ್ನು ಸೋಫಾದ ಸಾಲಿಗೆ ಕರೆಯಿರಿ.

ಇಳಿಸಲು ಆಗುವುದಾದರೆ ಮಳೆ ಮುಗಿದು ಗೋಡೆ ಒಣಗಿದ ಮೇಲೆ, ಡಿಸೆಂಬರಿನ ಹೊತ್ತಿಗೆ ಮಾಡಿ. ಹಳೆಯ ತೂತಿನ ರಾವಲ್ ಪ್ಲಗ್ ಕಿತ್ತು, ನೀರು ಚಿಮುಕಿಸಿ, ಸಿಮೆಂಟು ಮತ್ತು ಸಣ್ಣ ಹೊಯಿಗೆಯ ಗಟ್ಟಿ ಕಲಸು ತುಂಬಿ. ಒಣಗಿದ ಮೇಲೆ ಪುಟ್ಟಿ, ಬಣ್ಣ. ಹೊಸ ತೂತುಗಳು ಹಳೆಯವುಗಳಿಂದ ಕನಿಷ್ಠ ನಾಲ್ಕು ಇಂಚು ದೂರ ಇರಲಿ.