ಗ್ಯಾಸ್ ರೆಗ್ಯುಲೇಟರ್: ಒಳಗೇನು ನಡೆಯುತ್ತದೆ, ಕೂರಿಸುವುದು ಹೇಗೆ?

ಮನೆಬಳಕೆಯ 14.2 ಕೆ.ಜಿ. ಸಿಲಿಂಡರ್‌ನ ಒಳಗಿನ ಒತ್ತಡ ಹವೆಯ ಬಿಸಿಗೆ ತಕ್ಕಂತೆ ಏರಿಳಿಯುತ್ತದೆ; ಚದರ ಸೆಂ.ಮೀ.ಗೆ ಸುಮಾರು 5ರಿಂದ 7 ಕೆ.ಜಿ. ಎನ್ನಬಹುದು. ಒಲೆಗೆ ಬೇಕಿರುವುದು ಬರೀ 30 ಮಿಲಿಬಾರ್, ಅಂದರೆ 30 ಸೆಂ.ಮೀ. ನೀರು ನಿಂತಾಗ ತಳಕ್ಕೆ ಬೀಳುವಷ್ಟು ಒತ್ತಡ. ಇನ್ನೂರು ಪಟ್ಟಿನ ಆಸುಪಾಸಿನ ಈ ಅಂತರವನ್ನು ಇಳಿಸುವುದೇ ರೆಗ್ಯುಲೇಟರ್‌ನ ಕೆಲಸ.

ಒಳಗೆ ತೆಳು ರಬ್ಬರಿನ ಪೊರೆ, ಅಂದರೆ ಡಯಾಫ್ರಮ್ ಇದೆ. ಮೇಲಿನಿಂದ ಸ್ಪ್ರಿಂಗ್ ಅದನ್ನು ಒತ್ತುತ್ತದೆ, ಕೆಳಗಿನಿಂದ ಒಲೆಯತ್ತ ಹೊರಟ ಗ್ಯಾಸ್ ಎತ್ತುತ್ತದೆ. ಬರ್ನರ್ ಹಚ್ಚಿದರೆ ಕೆಳಗಿನ ಒತ್ತಡ ಕುಸಿದು ಡಯಾಫ್ರಮ್ ಇಳಿಯುತ್ತದೆ. ಅದಕ್ಕೆ ಜೋಡಿಸಿದ ಸನ್ನೆ, ಸಿಲಿಂಡರ್‌ನ ಗ್ಯಾಸ್ ಒಳಬರುವ ಒಳಬಾಯಿಯನ್ನು ಇನ್ನಷ್ಟು ತೆರೆಯುತ್ತದೆ. ಬರ್ನರ್ ಆರಿಸಿದರೆ ಒತ್ತಡ ಏರಿ ಬಾಯಿ ಮುಚ್ಚುತ್ತದೆ. ಸಿಲಿಂಡರ್ ಖಾಲಿಯಾಗುವ ಹಂತದವರೆಗೂ ಉರಿ ಹೆಚ್ಚುಕಡಿಮೆ ಒಂದೇ ಸಮ ಇರುವುದು ಇದರಿಂದಲೇ.

ಕೂರಿಸುವ ಮುನ್ನ ಸುತ್ತಮುತ್ತಲ ಬೆಂಕಿಯನ್ನೆಲ್ಲ, ದೇವರ ದೀಪವನ್ನೂ ಆರಿಸಿ. ಸಿಲಿಂಡರ್ ಬಾಯೊಳಗಿನ ರಬ್ಬರ್ ವಾಷರ್ ಇದೆಯೇ, ಬಿರುಕಿದೆಯೇ ನೋಡಿ. ಇಲ್ಲಿನ ಸೋರಿಕೆಗೆ ಇದು ಸಾಮಾನ್ಯ ಕಾರಣ. ನಾಬ್ ಆಫ್‌ನಲ್ಲಿರಲಿ. ರೆಗ್ಯುಲೇಟರ್‌ನ ಕೆಳಗಿನ ಪ್ಲಾಸ್ಟಿಕ್ ಬಳೆಯನ್ನು ಮೇಲಕ್ಕೆತ್ತಿ, ಅದನ್ನು ಸಿಲಿಂಡರ್ ಬಾಯಿಯ ಮೇಲೆ ನೇರವಾಗಿಟ್ಟು ತುಸು ತಿರುಗಿಸುತ್ತ ಒತ್ತಿ, ಬಳೆ ಬಿಡಿ. ‘ಟಕ್’ ಎನ್ನಬೇಕು. ನಂತರ ನಾಬ್ ಆನ್ ಮಾಡಿ, ಕೂಡುಗಳಿಗೆಲ್ಲ ಸೋಪಿನ ನೀರು ಹಚ್ಚಿ. ಗುಳ್ಳೆ ಎದ್ದರೆ ಸೋರುತ್ತಿದೆ. ಕಡ್ಡಿ ಗೀರಿ ನೋಡುವ ದುಸ್ಸಾಹಸ ಬೇಡ.

ರೆಗ್ಯುಲೇಟರ್ ಕೆಟ್ಟದ್ದು ಗೊತ್ತಾಗುವುದು ಹೀಗೆ: ಒಲೆ ಹಚ್ಚಿದೊಡನೆ ಉರಿ ಜೋರಾಗಿ ಎದ್ದು ಆಮೇಲೆ ತಗ್ಗಿದರೆ, ಒಳಬಾಯಿಯಲ್ಲಿ ಕಸ ಕೂತು ಪೂರ್ತಿ ಮುಚ್ಚುತ್ತಿಲ್ಲ ಎಂಬ ಅನುಮಾನ ಬರಬೇಕು. ಮೇಲ್ಭಾಗದಲ್ಲೊಂದು ಸಣ್ಣ ಗಾಳಿರಂಧ್ರವಿದೆ. ಡಯಾಫ್ರಮ್ ಹಗುರವಾಗಿ ಏರಿಳಿಯಲು ಅದು ತೆರೆದಿರಲೇಬೇಕು. ಜಿಡ್ಡು ಕಟ್ಟಿದರೆ ಉರಿ ಓಲಾಡುತ್ತದೆ. ಹಾಗೆಂದು ಪಿನ್ ಚುಚ್ಚಿದರೆ ರಬ್ಬರ್ ತೂತಾಗುತ್ತದೆ, ಗ್ಯಾಸ್ ಅದೇ ರಂಧ್ರದಿಂದ ಹೊರಬರುತ್ತದೆ. ಉರಿ ಬರೀ ಮಂದವಾಗಿದ್ದರೆ ಮೊದಲು ಬರ್ನರ್‌ಗೆ ಗ್ಯಾಸ್ ಚಿಮ್ಮಿಸುವ ಸಣ್ಣ ತೂತು, ಅಂದರೆ ಜೆಟ್ ನೋಡಿ, ರೆಗ್ಯುಲೇಟರ್ ಮೇಲೆ ಗೂಬೆ ಕೂರಿಸಬೇಡಿ.

ರೆಗ್ಯುಲೇಟರ್ ಬಿಚ್ಚಿ ರಿಪೇರಿ ಮಾಡುವ ವಸ್ತುವಲ್ಲ, ಏಜೆನ್ಸಿಯಲ್ಲಿ ಬದಲಿಸಿಕೊಳ್ಳಿ. ವಾಸನೆ ಬಂದರೆ ನಾಬ್ ಆಫ್ ಮಾಡಿ, ಕಿಟಕಿ ತೆರೆಯಿರಿ, ಯಾವ ಸ್ವಿಚ್ಚನ್ನೂ ಮುಟ್ಟದೆ ಹೊರಗೆ ಬಂದು ಗ್ಯಾಸ್ ಸೋರಿಕೆಯ ತುರ್ತು ಸಹಾಯವಾಣಿ 1906ಕ್ಕೆ ಕರೆ ಮಾಡಿ.